ಹಸಿರು ಮಾತು, ಕೆಂಪು ಮಾತು

ಆಡಿದ ಮಾತು ನಿಜವಾಯಿತೋ ಸುಳ್ಳಾಯಿತೋ ಎಂದು ಹೇಳುವ ಯಂತ್ರ ಬಂದ ಮೊದಲ ವರ್ಷ ದಾವಣಗೆರೆಯ ಜನ ಮಾತಾಡುವುದನ್ನೇ ಕಡಿಮೆ ಮಾಡಿದರು. ಎರಡನೆಯ ವರ್ಷ ಹೇಗೆ ಮಾತಾಡಬೇಕೆಂದು ಕಲಿತುಕೊಂಡರು.

ಯಂತ್ರದ ಹೆಸರು ತಾಳೆ. ಅದು ಕೂತದ್ದು ಊರಿನ ಹಳೆಯ ಹತ್ತಿ ಗಿರಣಿಯೊಂದರ ಕಟ್ಟಡದಲ್ಲಿ. ಕಣ್ಣುಗಳು ಮಾತ್ರ ಊರ ತುಂಬ. ಬಸ್ಸಿನ ಬಾಗಿಲು, ಶಾಲೆಯ ಗೇಟು, ಅಂಗಡಿಯ ತಕ್ಕಡಿ, ಗಾಳಿ ಮಳೆ ಅಳೆಯುವ ಡಬ್ಬಿಗಳು, ಮನೆಯ ಒಲೆ, ಎಲ್ಲಕ್ಕೂ ಒಂದೊಂದು ಕಣ್ಣು. ಜನರ ಮಣಿಕಟ್ಟಿನಲ್ಲಿ ಹುಣಸೆ ಬೀಜದಷ್ಟು ಗಾತ್ರದ ಒಂದು ಬಿಲ್ಲೆ. ಬಿಲ್ಲೆ ಒತ್ತಿ ಆಡಿದ ಮಾತು ತಾಳೆಗೆ ಹೋಗುತ್ತದೆ, ಒತ್ತದೆ ಆಡಿದ್ದು ಗಾಳಿಗೆ ಹೋಗುತ್ತದೆ. ತಾಳೆ ಆ ಮಾತನ್ನು ಚೂರು ಚೂರಾಗಿ ಬಿಡಿಸಿ, ಒಂದೊಂದು ಚೂರೂ ನಡೆಯಿತೋ ಇಲ್ಲವೋ ಎಂದು ತನ್ನ ಕಣ್ಣುಗಳನ್ನು ಕೇಳಿ, ಮತ್ತೆ ಜೋಡಿಸಿ ನೋಡಿ, ಹೇಳಿದ ಗಡುವು ಮುಗಿದೊಡನೆ ಬಿಲ್ಲೆಯಲ್ಲಿ ದೀಪ ಹತ್ತಿಸುತ್ತದೆ. ನಿಜವಾದರೆ ಹಸಿರು, ಸುಳ್ಳಾದರೆ ಕೆಂಪು. ನಡುವೆ ಇನ್ನೊಂದು ಬಣ್ಣವಿಲ್ಲ.

ಜೋಡಿಸುವ ನಿಯಮಗಳೂ ಸರಳವೇ. ಮಾತಿನಲ್ಲಿ ‘ಮತ್ತು’ ಇದ್ದರೆ ಎಲ್ಲ ಚೂರುಗಳೂ ನಿಜವಾಗಬೇಕು. ‘ಅಥವಾ’ ಇದ್ದರೆ ಒಂದು ನಿಜವಾದರೂ ಸಾಕು. ‘ಅಲ್ಲ’ ಎಂಬುದು ಇದ್ದದ್ದನ್ನು ತಿರುವಿ ಹಾಕುತ್ತದೆ. ವಿಚಿತ್ರವಾದದ್ದು ‘ಆದರೆ’ಯ ಮಾತು, ಅಂದರೆ ‘ಹೀಗಾದರೆ ಹಾಗೆ ಮಾಡುತ್ತೇನೆ’ ಎಂಬ ಷರತ್ತು. ಅದು ಸುಳ್ಳಾಗುವುದು ಒಂದೇ ಸಂದರ್ಭದಲ್ಲಿ: ಹೀಗಾಯಿತು, ಆದರೂ ಹಾಗೆ ಮಾಡಲಿಲ್ಲ ಎಂದಾಗ. ಹೀಗಾಗಲೇ ಇಲ್ಲವೆಂದರೆ ಮಾತು ಮುರಿದಂತಾಗಲಿಲ್ಲ. ಮುರಿಯದ ಮಾತು ನಿಜ. ದೀಪ ಹಸಿರು.

ಊರಿಗೆ ಈ ಗುಟ್ಟು ತಿಳಿಯಲು ಬಹಳ ಕಾಲ ಬೇಕಾಗಲಿಲ್ಲ. ದರ್ಜಿ ಬಿಲ್ಲೆ ಒತ್ತಿ, ಹೊಂದುವ ಗುಂಡಿ ಸಿಕ್ಕರೆ ಶುಕ್ರವಾರ ರವಿಕೆ ಕೊಡುತ್ತೇನೆ ಎಂದ. ಗುಂಡಿ ಹುಡುಕಲು ಹೋಗಲೇ ಇಲ್ಲ. ಹಣ್ಣಿನ ಗಾಡಿಯವನು ಕಿತ್ತಳೆ ಸಿಹಿ ಇದೆ ಅಥವಾ ಹುಳಿ ಇದೆ ಎಂದು ಗಂಭೀರವಾಗಿ ಆಣೆಯಿಟ್ಟ. ವಾರ್ಡಿನ ಸದಸ್ಯರು ಪೈಪು ಬಂದರೆ ನೀರು ಬಿಡಿಸುತ್ತೇವೆ ಎಂದರು. ಎಲ್ಲರ ಮಣಿಕಟ್ಟೂ ಹಸಿರು. ಇಷ್ಟು ಸತ್ಯವಂತರಿರುವ ಊರಿನಲ್ಲಿ ರವಿಕೆ, ನೀರು ಎರಡೂ ಸಕಾಲಕ್ಕೆ ಸಿಗುತ್ತಿರಲಿಲ್ಲ ಅಷ್ಟೆ.

ದಾಕ್ಷಾಯಿಣಿ ತಾಳೆ ಕೇಂದ್ರದಲ್ಲಿಯೇ ಕೆಲಸಕ್ಕಿದ್ದಳು. ಯಂತ್ರಕ್ಕೆ ಬಿಡಿಸಲಾಗದ ಮಾತುಗಳು ಅವಳ ಮೇಜಿಗೆ ಬರುತ್ತಿದ್ದವು. ಮಗಳ ಮದುವೆ ಆದ ಮೇಲೆ ಕುಡಿತ ಬಿಡುತ್ತೇನೆ ಎಂದು ಒಬ್ಬ ಒತ್ತಿದ್ದಾನೆ: ಅದು ಷರತ್ತೋ, ಬರೀ ಗಡುವೋ? ಬಂದರೂ ಬಂದೇನು ಎಂದು ಇನ್ನೊಬ್ಬ ಹೇಳಿದ್ದಾನೆ: ಅದರಲ್ಲಿ ಹೇಳಿದ್ದಾದರೂ ಏನು? ಇಂಥದ್ದನ್ನೆಲ್ಲ ಕೂತು ಬಿಡಿಸಿ, ಎಲ್ಲಿ ‘ಮತ್ತು’, ಎಲ್ಲಿ ‘ಆದರೆ’ ಎಂದು ಗುರುತು ಹಾಕುವುದು ಅವಳ ಕೆಲಸ. ಒಂದು ಕಟ್ಟುನಿಟ್ಟಿತ್ತು. ಕೇಂದ್ರದವರು ತಮ್ಮ ಮಾತನ್ನಾಗಲಿ, ತಮ್ಮವರ ಮಾತನ್ನಾಗಲಿ ಬಿಡಿಸಿ ನೋಡುವ ಹಾಗಿಲ್ಲ. ಹಾಗಾಗಿ ಊರವರ ಮಾತೆಲ್ಲ ಅವಳಿಗೆ ಒಳಗಿಂದ ಗೊತ್ತು. ತನ್ನದು ಮಾತ್ರ ಎಲ್ಲರಂತೆ ಹೊರಗಿಂದ, ಬರೀ ಬಣ್ಣ.

ಅವಳ ಬಣ್ಣ ಚೆನ್ನಾಗಿರಲಿಲ್ಲ. ಹೆಚ್ಚಿನ ಸಂಜೆಗಳಲ್ಲಿ ಕೆಂಪು. ಸೆರಗು ಎಳೆದು ಮಣಿಕಟ್ಟು ಮುಚ್ಚಿಕೊಳ್ಳುವುದು ಅವಳಿಗೆ ಅಭ್ಯಾಸವಾಗಿಬಿಟ್ಟಿತ್ತು.

ಅದು ಬರೀ ನಾಚಿಕೆಯ ವಿಷಯವಾಗಿದ್ದರೆ ಹೇಗೋ ನಡೆದುಹೋಗುತ್ತಿತ್ತು. ಗಂಡ ಶಿವಯೋಗಿ ಈಗ ಮಗಳನ್ನು ತನಗೆ ಕೊಡಿ ಎಂದು ಕೋರ್ಟಿಗೆ ಹೋಗಿದ್ದ. ಅವನು ಗಾಳಿಯಂತ್ರಗಳಿಗೆ ರೆಕ್ಕೆ ಏರಿಸುವ ತಂಡದ ಮೇಸ್ತ್ರಿ. ಚಿತ್ರದುರ್ಗದ ಗುಡ್ಡಗಳ ಮೇಲೆಯೇ ಅವನ ವರ್ಷಗಳು ಕಳೆದಿದ್ದವು. ಗಂಡ ಹೆಂಡತಿಯ ನಡುವೆ ದೊಡ್ಡ ಜಗಳವೇನೂ ಆಗಿರಲಿಲ್ಲ. ಅವನು ಮನೆಗೆ ಬಾರದೆ ಬಾರದೆ ಬೇರೆಯಾಗಿದ್ದರು. ಈಗ ಮುಂದಿನ ತಿಂಗಳಿನಿಂದ ಗದಗಿನ ಹತ್ತಿರ ಕಾಯಂ ಕೆಲಸ, ಕ್ವಾರ್ಟರ್ಸು ಸಿಕ್ಕಿದೆ, ಪಕ್ಕದಲ್ಲೇ ಅಕ್ಕನ ಮನೆಯಿದೆ, ಶಾಲೆಯೂ ಒಳ್ಳೆಯದಿದೆ, ಮಗಳು ತನ್ನ ಜೊತೆಗಿರಲಿ ಎಂಬುದು ಅವನ ಆಸೆ. ಅವನಿಗೆ ಸಿಂಚನ ಎಂದರೆ ಜೀವ. ಅದರಲ್ಲಿ ಸುಳ್ಳಿರಲಿಲ್ಲ. ಅವನ ಯಾವ ಮಾತಿನಲ್ಲೂ ಸುಳ್ಳಿರಲಿಲ್ಲ ಎಂಬುದೇ ದಾಕ್ಷಾಯಿಣಿಯ ಸಂಕಟ. ಮಕ್ಕಳ ಪಾಲನೆಯ ವಿಚಾರದಲ್ಲಿ ತಂದೆ ತಾಯಿಯರ ದೀಪವೇ ಮೊದಲ ಸಾಕ್ಷಿ ಎಂದು ಹೊಸ ನಿಯಮ ಬಂದಿತ್ತು, ಮತ್ತು ಶಿವಯೋಗಿಯ ಬಿಲ್ಲೆ ಇವತ್ತಿನವರೆಗೆ ಒಂದು ಸಲವೂ ಕೆಂಪಾಗಿರಲಿಲ್ಲ.

ವಿಚಾರಣೆ ಮುಂದಿನ ಬುಧವಾರ. ಆ ಶುಕ್ರವಾರ ಬೆಳಿಗ್ಗೆ ಅವನ ಫೋನು ಬಂತು. ನಾಲ್ಕನೇ ಕ್ಲಾಸಿನ ಸಿಂಚನ ಒಂದು ಕೈಯಲ್ಲಿ ಫೋನು, ಇನ್ನೊಂದು ಕೈಯಲ್ಲಿ ಉಪ್ಪಿಟ್ಟಿನ ಚಮಚ ಹಿಡಿದು, ಯಾವಾಗ ಬರ್ತೀಯ, ಬಿಲ್ಲೆ ಒತ್ತಿ ಹೇಳು ಎಂದು ಅಪ್ಪನನ್ನು ಪೀಡಿಸಿದಳು.

“ಗಾಳಿ ಬಿದ್ರೆ ನಾಳೆ ಸಂಜೆ ಬರ್ತೀನಿ ಕಣವ್ವ,” ಎಂದ ಶಿವಯೋಗಿ. ಗಾಳಿ ನಿಂತರೇನೇ ರೆಕ್ಕೆ ಏರಿಸಲು ಬರುವುದು, ಏರಿಸಿದರೇನೇ ರಜೆ. ಆಷಾಢದಲ್ಲಿ ಆ ಗುಡ್ಡದ ಮೇಲೆ ಗಾಳಿ ಬೀಳುವುದೆಂದರೆ ಅದು ಸುದ್ದಿಯೇ. ಶನಿವಾರ ಗಾಳಿ ಬೀಳಲಿಲ್ಲ. ಅವನು ಬರಲಿಲ್ಲ. ಗುಡ್ಡದ ಮೇಲೆ ಅವನ ಮಣಿಕಟ್ಟು ಹಸಿರಾಯಿತು.

ಅದೇ ಶುಕ್ರವಾರ ದಾಕ್ಷಾಯಿಣಿಯೂ ಮಗಳ ಒತ್ತಾಯಕ್ಕೆ ಬಿಲ್ಲೆ ಒತ್ತಿದ್ದಳು. ಸಂಜೆ ಆರಕ್ಕೆ ಬಂದು, ಜೊತೆಗೆ ಕೂತು ಭಾಗಾಕಾರ ಮಾಡಿಸಿ, ರೊಟ್ಟಿ ಬಡಿದು, ಆಮೇಲೆ ಒಂದು ಆಟ ಕೇರಂ ಆಡುತ್ತೇನೆ ಎಂದಿದ್ದಳು. ಬಂದಳು, ಮಾಡಿಸಿದಳು, ಬಡಿದಳು. ಸಿಂಚನ ಕೇರಂ ಕಾಯಿಗಳನ್ನು ಜೋಡಿಸಿಟ್ಟು ಕರೆಯುವಷ್ಟರಲ್ಲಿ ಅಡುಗೆಮನೆಯ ಗೋಡೆಗೆ ಒರಗಿ ಕೂತಲ್ಲೇ ಅವಳಿಗೆ ನಿದ್ದೆ ಹತ್ತಿತ್ತು. ಎಚ್ಚರವಾದಾಗ ಮಣಿಕಟ್ಟು ಕೆಂಪಗಿತ್ತು.

ಸೋಮವಾರ ಕೇಂದ್ರದಲ್ಲಿ ಅವಳು ಮುನೀರ್ ಸರ್ ಕೋಣೆಗೆ ಹೋದಳು. ಮುನೀರ್ ಅಹ್ಮದ್ ತಾಳೆಯ ತರ್ಕವನ್ನು ಕಟ್ಟಿದವರಲ್ಲಿ ಹಿರಿಯರು, ಕೇಂದ್ರದ ಮುಖ್ಯಸ್ಥರು. ಹಿಂದೆ ಕಾಲೇಜಿನಲ್ಲಿ ಗಣಿತ ಹೇಳುತ್ತಿದ್ದವರಾದ್ದರಿಂದ ಎದುರಿಗೆ ಯಾರು ನಿಂತರೂ ಮೊದಲು ಪ್ರಶ್ನೆ ಏನು ಎಂದೇ ಕೇಳುತ್ತಿದ್ದರು. ಖಾರ ಮಂಡಕ್ಕಿಯ ತಟ್ಟೆಯನ್ನು ಅವಳ ಕಡೆಗೆ ಸರಿಸಿ, ಪ್ರಶ್ನೆ ಏನು ಎಂದರು.

ಅವಳು ಮೂರನೆಯ ಬಣ್ಣ ಬೇಕು ಎಂದಳು. ಷರತ್ತೇ ನಡೆಯದ ಮಾತಿಗೆ ಹಸಿರು ಕೊಡಬಾರದು, ಹಳದಿಯನ್ನೋ ಬೂದಿಯನ್ನೋ ಕೊಡಬೇಕು, ಅದು ಸತ್ಯವೂ ಅಲ್ಲ ಸುಳ್ಳೂ ಅಲ್ಲ ಎಂದು ವಾದಿಸಿದಳು. ಮುನೀರ್ ಸರ್ ತಾಳ್ಮೆಯಿಂದ ಕೇಳಿದರು. ಆಮೇಲೆ ಅಷ್ಟೇ ತಾಳ್ಮೆಯಿಂದ ಆಗುವುದಿಲ್ಲ ಎಂದರು. ‘ಬಾವಿಗೆ ಬಿದ್ದರೆ ನೆನೆಯುತ್ತೀಯ’ ಎಂದು ಮಗುವಿಗೆ ಹೇಳುತ್ತೇವೆ, ಮಗು ಬೀಳಲಿಲ್ಲ, ಹಾಗಂತ ಹೇಳಿದ್ದು ನಿಜವಲ್ಲವೇ? ಎಚ್ಚರಿಕೆಗಳು, ಕಾನೂನುಗಳು, ವಿಜ್ಞಾನದ ಅರ್ಧ ಮಾತುಗಳು ಹೀಗೆಯೇ ನಿಂತಿವೆ. ಮೂರನೆಯ ಬಣ್ಣ ತಂದರೆ ಅವೆಲ್ಲ ಕುಸಿಯುತ್ತವೆ. ಅದಿರಲಿ, ನಿಮ್ಮ ಕೇಸು ಕೋರ್ಟಿನಲ್ಲಿರುವಾಗ ನಾನು ಯಂತ್ರಕ್ಕೆ ಕೈ ಹಾಕಿದರೆ ನಾಳೆ ಯಾರು ಇದನ್ನು ನಂಬುತ್ತಾರೆ ಎಂದೂ ಕೇಳಿದರು.

ಅವಳು ಎದ್ದು ಬಾಗಿಲವರೆಗೆ ಹೋದಳು.

“ದಾಕ್ಷಾಯಿಣಿ,” ಎಂದರು ಮುನೀರ್ ಸರ್. “ಅವರ ಹಸಿರನ್ನೇ ನೋಡ್ತಾ ಕೂತಿದ್ದೀರಿ. ನಿಮ್ಮ ಕೆಂಪು ಯಾಕೆ ಕೆಂಪಾಗುತ್ತೆ ಅಂತ ಒಂದ್ಸಲನಾದ್ರೂ ಯೋಚಿಸಿದ್ದೀರಾ?”

“ಹೇಳಿದ್ದು ಮಾಡಲ್ಲ ಸರ್. ಅದಕ್ಕೆ.”

ಅವರು ಇದಕ್ಕಿಂತ ಹೆಚ್ಚು ನಾನು ಹೇಳಬಾರದು ಎಂದು ತಟ್ಟೆಯನ್ನು ತಮ್ಮ ಕಡೆಗೆ ಎಳೆದುಕೊಂಡರು.

ಮರುದಿನ ಬೆಳಿಗ್ಗೆ ಮಗಳಿಗೆ ಹೆರಳು ಹಾಕುತ್ತಿದ್ದಾಗ ಅವಳಿಗೆ ತನ್ನ ಮಾತು ಮೊದಲ ಸಲ ಕೇಳಿಸಿತು. ಸಂಜೆ ಬಂದು, ಸಮವಸ್ತ್ರ ಒಗೆದು, ಪಲ್ಯ ಮಾಡಿ, ಅಂಗಡಿಗೆ ಹೋಗಿ ಡ್ರಾಯಿಂಗ್ ಶೀಟ್ ತಂದು, ಕಥೆ ಓದಿ... ಅವಳು ನಿಲ್ಲಿಸಿದಳು. ಕೈಯಲ್ಲಿ ಅರ್ಧ ಹೆಣೆದ ಹೆರಳು. ಸರಕ್ಕೆ ಮಣಿ ಪೋಣಿಸುವ ಹಾಗೆ ಅವಳು ಕೆಲಸಗಳನ್ನು ಪೋಣಿಸುತ್ತಿದ್ದಳು. ಬೇರೆಯವರ ಇಂಥ ಮಾತು ಮೇಜಿಗೆ ಬಂದಿದ್ದರೆ ನಿದ್ದೆಗಣ್ಣಿನಲ್ಲೂ ಗುರುತು ಹಾಕುತ್ತಿದ್ದಳು: ಮತ್ತು, ಮತ್ತು, ಮತ್ತು, ಮತ್ತು. ಒಂದು ಮಣಿ ಜಾರಿದರೆ ಇಡೀ ಸರ ಕೆಂಪು.

“ಅಮ್ಮಾ, ಕೂದ್ಲು ಎಳೀತಾ ಇದ್ದೀಯ,” ಎಂದಳು ಸಿಂಚನ.

ಹಾಗಾದರೆ ಎಷ್ಟು ಮಣಿ ಜಾರಿವೆ? ಒಂದೋ, ಎಲ್ಲವೋ? ಅದು ಅವಳಿಗೆ ಗೊತ್ತಿರಲಿಲ್ಲ. ದಿನದ ಕೊನೆಯಲ್ಲಿ ನೆನಪಿರುತ್ತಿದ್ದದ್ದು ಮಾಡದೆ ಬಿಟ್ಟದ್ದೊಂದೇ. ಬಿಡಿಸಿ ನೋಡಲು ಅವಳಿಗೆ ಅಧಿಕಾರವಿಲ್ಲ, ಕೋರ್ಟಿಗಿದೆ. ಆದರೆ ಕೋರ್ಟನ್ನು ಕೇಳಿದ ಮೇಲೆ ಅಲ್ಲಿನ ಗೋಡೆಯ ಪರದೆಯಲ್ಲಿ ಕಾಣುವುದು ಏನೋ. ಒಂದು ಮಣಿಯೂ ನಿಂತಿಲ್ಲ ಎಂದು ಬಂದುಬಿಟ್ಟರೆ, ಮಗಳನ್ನು ತಾನೇ ಕೈಯಾರೆ ಕಳಿಸಿಕೊಟ್ಟ ಹಾಗೆ.

ಬುಧವಾರದ ಕೌಟುಂಬಿಕ ನ್ಯಾಯಾಲಯ ಚಿಕ್ಕ ಕೋಣೆ. ನ್ಯಾಯಾಧೀಶೆ ಸರೋಜಿನಿ ಹಾದಿಮನಿಯವರು ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿಕೊಂಡು ಗೋಡೆಯ ಪರದೆ ನೋಡಿದರು. ಎಡಗಡೆ ಶಿವಯೋಗಿಯ ವರ್ಷದ ಮಾತುಗಳು, ನಾಟಿ ಮಾಡಿದ ಗದ್ದೆಯ ಹಾಗೆ ಒಂದೇ ಹಸಿರು. ಬಲಗಡೆ ದಾಕ್ಷಾಯಿಣಿಯವು, ಹಣ್ಣಾಗುತ್ತಿರುವ ಮೆಣಸಿನ ಗಿಡ. ಶಿವಯೋಗಿಯ ವಕೀಲರು ಎದ್ದು ನಿಂತು, ಹೆಚ್ಚು ಹೇಳುವುದಕ್ಕೇನಿದೆ, ಕಣ್ಣಿಗೇ ಕಾಣುತ್ತಿದೆ ಎಂದು ಕೂತರು. ಶಿವಯೋಗಿ ತಲೆ ತಗ್ಗಿಸಿಕೊಂಡಿದ್ದ. ಹೆಂಡತಿಯ ಕೆಂಪು ಎಲ್ಲರ ಮುಂದೆ ಹರಡಿದ್ದು ಅವನಿಗೂ ಹಿತವೆನಿಸಿದಂತಿರಲಿಲ್ಲ.

ದಾಕ್ಷಾಯಿಣಿ ವಕೀಲರನ್ನು ಇಟ್ಟಿರಲಿಲ್ಲ. ತಾಳೆಗೆ ಎರಡು ಮಾತು ಹೇಳಲು ಅನುಮತಿ ಕೇಳಿದಳು. ಯಾರು ಬೇಕಾದರೂ ಹೇಳಬಹುದಾದ ಮಾತುಗಳು, ತನ್ನ ಕೆಲಸಕ್ಕೂ ಇದಕ್ಕೂ ಸಂಬಂಧವಿಲ್ಲ ಎಂದಳು. ನ್ಯಾಯಾಧೀಶೆ ತಲೆಯಾಡಿಸಿದರು.

ಅವಳು ಬಿಲ್ಲೆ ಒತ್ತಿದಳು. “ಈಗ ಈ ಕೋಣೇಲಿ ಎಮ್ಮೆ ಇದ್ರೆ, ಅದು ಕನ್ನಡಕ ಹಾಕ್ಕೊಂಡಿದೆ.”

ಹಸಿರು.

ಹಿಂದಿನ ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು. ನ್ಯಾಯಾಧೀಶೆ ತಮ್ಮ ಕನ್ನಡಕ ತೆಗೆದು ಸೆರಗಿನಿಂದ ಒರೆಸಿಕೊಂಡರು. ದಾಕ್ಷಾಯಿಣಿ ಇನ್ನೊಮ್ಮೆ ಒತ್ತಿದಳು. “ಈಗ ಈ ಕೋಣೇಲಿ ಎಮ್ಮೆ ಇದ್ರೆ, ಅದು ಕನ್ನಡಕ ಹಾಕ್ಕೊಂಡಿಲ್ಲ.”

ಅದೂ ಹಸಿರು.

“ಎರಡೂ ಹೆಂಗಮ್ಮ ನಿಜ ಆಗುತ್ತೆ?”

“ಎಮ್ಮೇನೇ ಇಲ್ವಲ್ಲ ಮೇಡಂ.”

ಕೋಣೆ ನಕ್ಕಿತು. ನ್ಯಾಯಾಧೀಶೆ ನಗಲಿಲ್ಲ. ಕನ್ನಡಕ ಹಾಕಿಕೊಂಡು ಎಡಗಡೆಯ ಹಸಿರನ್ನು ಮತ್ತೆ ನೋಡಿದರು, ಈ ಸಲ ಹೆಚ್ಚು ಹೊತ್ತು.

ತನ್ನ ಗಂಡ ಸುಳ್ಳು ಹೇಳಿದರೆಂದು ತಾನು ಎಂದೂ ಹೇಳುವುದಿಲ್ಲ ಎಂದಳು ದಾಕ್ಷಾಯಿಣಿ. ಯಂತ್ರವೂ ತಪ್ಪು ಹೇಳಿಲ್ಲ. ಯಾರ ಮಾತು ಮುರಿಯಿತು ಎಂದು ಕೋರ್ಟು ಕೇಳಿತು, ಯಂತ್ರ ಅದಕ್ಕೆ ಉತ್ತರ ಕೊಟ್ಟಿತು. ಪರೀಕ್ಷೆಗೆ ಕೂರದವನು ಫೇಲಾಗುವುದಿಲ್ಲ. ಕೂತದ್ದು ಎಷ್ಟು ಸಲ ಎಂದು ಕೇಳಿದರೆ ಅದನ್ನೂ ಯಂತ್ರ ಹೇಳುತ್ತದೆ.

ನ್ಯಾಯಾಧೀಶೆ ತಾಳೆಗೆ ಅದೇ ಪ್ರಶ್ನೆ ಹಾಕಿದರು. ಪರದೆಯ ಹಸಿರು ಗದ್ದೆ ಕದಲಿತು. ಷರತ್ತು ನಡೆದೇ ಇರದ ಮಾತುಗಳು ಒಂದೊಂದಾಗಿ ಮಾಸಿ ಹಿಂದೆ ಸರಿದವು. ಗಾಳಿ ಬಿದ್ದರೆ, ಕ್ರೇನು ಬಂದರೆ, ಸಾಹೇಬರು ಒಪ್ಪಿದರೆ, ಬಸ್ಸು ಸಿಕ್ಕರೆ. ಕೊನೆಗೆ ಪರದೆಯ ಮೇಲೆ ಅಲ್ಲೊಂದು ಇಲ್ಲೊಂದು ಹಸಿರು ಚುಕ್ಕಿ ಉಳಿಯಿತು. ಗಾಳಿ ಬಿದ್ದ ಆ ಕೆಲವೇ ದಿನಗಳಲ್ಲಿ ಅವನು ತಪ್ಪದೆ ಬಂದಿದ್ದ. ಆ ಚುಕ್ಕಿಗಳು ಅಪ್ಪಟ.

ಶಿವಯೋಗಿ ಎದ್ದು ನಿಂತಿದ್ದ. ತಾನು ನಿಂತದ್ದು ಅವನಿಗೇ ತಿಳಿದಿರಲಿಲ್ಲವೇನೋ. “ಇಷ್ಟೇನಾ?” ಎಂದ. ವಕೀಲರನ್ನಲ್ಲ, ನ್ಯಾಯಾಧೀಶೆಯನ್ನೂ ಅಲ್ಲ, ದಾಕ್ಷಾಯಿಣಿಯನ್ನು ಕೇಳಿದ. “ಹಸಿರು ನೋಡ್ಕೊಂಡು ನಾನು... ಬಂದಿದ್ದೀನಿ ಅಂತಾನೇ ಅನ್ಕೊಂಡಿದ್ದೆ ಕಣೇ.”

ಅವಳು ಉತ್ತರಿಸುವ ಮೊದಲೇ ನ್ಯಾಯಾಧೀಶೆ, ಹಾಗಿದ್ದರೆ ತಾಯಿಯ ಕೆಂಪನ್ನೂ ಬಿಡಿಸಿಯೇ ನೋಡೋಣ ಎಂದರು. ದಾಕ್ಷಾಯಿಣಿ ಕೇಳಬೇಕೆಂದಿದ್ದೂ ಬಾಯಿ ಬಾರದೆ ನಿಂತಿದ್ದ ಮಾತು ಅದು. ಅವಳು ಮೇಜಿನ ಅಂಚು ಹಿಡಿದುಕೊಂಡಳು.

ಮೆಣಸಿನ ಗಿಡ ಉದುರಿತು. ಒಂದೊಂದು ಕೆಂಪೂ ಒಡೆದು ಸರವಾಯಿತು, ಸರ ಮಣಿಗಳಾಯಿತು. ಹಸಿರು, ಹಸಿರು, ಹಸಿರು, ಕೆಂಪು. ಹಸಿರು, ಹಸಿರು, ಹಸಿರು, ಹಸಿರು, ಕೆಂಪು. ಬಂದಳು, ಒಗೆದಳು, ಬಡಿದಳು, ತಂದಳು. ಪರದೆ ಸಾಲದೆ ಮಣಿಗಳು ಕೆಳಗಿನಿಂದ ಮೇಲಕ್ಕೆ ಸರಿಯುತ್ತಲೇ ಇದ್ದವು. ಅವಳಿಗೆ ಅದು ಯಾರದೋ ಜೀವನದ ಹಾಗೆ ಕಂಡಿತು. ಇಷ್ಟನ್ನೆಲ್ಲ ಮಾಡಿದ ಹೆಂಗಸು ಯಾರು? ಎಷ್ಟು ದಣಿದಿರಬೇಕು ಅವಳು?

ನ್ಯಾಯಾಧೀಶೆ ಪರದೆಯ ಕಡೆಗೆ ಬೆರಳು ತೋರಿಸಿದರು. “ಕೆಂಪು ಯಾವಾಗ್ಲೂ ಕೊನೇದೇ ಆಗಿದೆಯಲ್ಲಮ್ಮ. ಯಾವುದದು?”

“ಆಟ ಮೇಡಂ. ಇಲ್ಲಾಂದ್ರೆ ಕಥೆ. ಅಷ್ಟೊತ್ತಿಗೆ ಕಣ್ಣು ಮುಚ್ಚಿಹೋಗಿರ್ತವೆ.”

“ಅದನ್ನ ಮೊದ್ಲು ಮಾಡಿ.”

ಎಷ್ಟು ಸಣ್ಣ ಮಾತು. ‘ಮತ್ತು’ಗೆ ಮೊದಲು ಕೊನೆ ಎಂಬುದಿಲ್ಲ, ಚೂರುಗಳನ್ನು ಹೇಗೆ ಅದಲು ಬದಲು ಮಾಡಿದರೂ ಫಲ ಅದೇ, ತರಬೇತಿಯ ಮೊದಲ ದಿನವೇ ಅವಳು ಕಲಿತ ಪಾಠ. ಯಂತ್ರಕ್ಕೆ ಮೊದಲು ಕೊನೆ ಇಲ್ಲದಿರಬಹುದು. ಒಂಬತ್ತು ವರ್ಷದ ಹುಡುಗಿಗೆ ಇದೆ.

ತೀರ್ಪು ಮಧ್ಯಾಹ್ನಕ್ಕೇ ಬಂತು. ಸಿಂಚನ ತಾಯಿಯ ಜೊತೆಗಿರುತ್ತಾಳೆ. ಭಾನುವಾರಗಳು ತಂದೆಯವು. ಒಂದು ಷರತ್ತು, ಷರತ್ತೇ ಇರಬಾರದೆಂಬುದು: ತಂದೆ ಮಗಳಿಗೆ ಮಾತು ಕೊಡುವಾಗ ಅದರಲ್ಲಿ ‘ಆದರೆ’ಯಾಗಲಿ ‘ಅಥವಾ’ವಾಗಲಿ ಬರಕೂಡದು. ಅಲ್ಲೇ, ಎಲ್ಲರ ಮುಂದೆ, ಮೊದಲ ಮಾತು ಕೊಡಿ ಎಂದರು ನ್ಯಾಯಾಧೀಶೆ.

ಗುಡ್ಡದ ತುದಿಯಲ್ಲಿ ಹಗ್ಗಕ್ಕೆ ಜೋತುಬಿದ್ದು ಕೆಲಸ ಮಾಡುವ ಆಳು, ಒಂದು ಸಾದಾ ವಾಕ್ಯದ ಮುಂದೆ ಬೆವತುಬಿಟ್ಟ. ಗಾಳಿ ಎಂದು ಶುರುಮಾಡಿ ನಿಲ್ಲಿಸಿದ. ರಜೆ ಎಂದು ಶುರುಮಾಡಿ ನಿಲ್ಲಿಸಿದ. ಕೊನೆಗೆ ಬಿಲ್ಲೆಯ ಮೇಲೆ ಹೆಬ್ಬೆರಳು ಒತ್ತಿ, “ಭಾನುವಾರ ಸಂಜೆ ಐದಕ್ಕೆ ಬರ್ತೀನಿ,” ಎಂದು ಒಂದೇ ಉಸಿರಿಗೆ ಹೇಳಿ ಕೂತುಕೊಂಡ.

ಮರುದಿನ ಮುನೀರ್ ಸರ್ ಅವಳಿಗೆ ಅಭಿನಂದನೆ ಹೇಳಲಿಲ್ಲ. ಮೂರನೆಯ ಬಣ್ಣ ಈಗಲೂ ಆಗುವುದಿಲ್ಲ ಎಂದರು. ಆದರೆ ಬಿಲ್ಲೆಯನ್ನು ಸ್ವಲ್ಪ ಹೊತ್ತು ಒತ್ತಿ ಹಿಡಿದರೆ ಮಾತಿನ ಚೂರುಗಳು ಬಿಡಿಬಿಡಿಯಾಗಿ ಕಾಣುವ ಹಾಗೆ ಮಾಡಬೇಕೆಂದು ಕೋರ್ಟು ಕೇಳಿದೆ, ತಿಂಗಳೊಳಗೆ ಮುಗಿಸಬೇಕು, ಈ ಕೆಲಸ ನಿಮ್ಮ ಮೇಜಿಗೆ ಬರುವುದಿಲ್ಲ, ನೀವು ದೂರವಿರಿ ಎಂದರು. ಹೋಗುವಾಗ ಮಾತ್ರ ಬಾಗಿಲಲ್ಲಿ ನಿಂತು, ಎಮ್ಮೆ ಚೆನ್ನಾಗಿತ್ತು, ನಾನು ಕ್ಲಾಸಿನಲ್ಲಿ ಒಂಟೆ ಹೇಳುತ್ತಿದ್ದೆ ಎಂದರು. ಆಮೇಲೆ ಊರು ಮತ್ತೆ ಮಾತು ಕಲಿಯಬೇಕಾಯಿತು. ದರ್ಜಿಯ ಬಿಲ್ಲೆಯನ್ನು ಗಿರಾಕಿಗಳು ಒತ್ತಿ ಹಿಡಿದು, ಗುಂಡಿ ಎಲ್ಲಿ ಎಂದು ಕೇಳತೊಡಗಿದ್ದು ಆಮೇಲಿನ ಕಥೆ.

ಭಾನುವಾರ ಸಿಂಚನ ಮೂರಕ್ಕೇ ಗೇಟಿನ ಬಳಿ ಕೂತಳು. ಐದಾಯಿತು. ರಸ್ತೆಯಲ್ಲಿ ಯಾರೂ ಇಲ್ಲ. ದಾಕ್ಷಾಯಿಣಿ ಅಡುಗೆಮನೆಯ ಕಿಟಕಿಯಿಂದ ಮಗಳ ಬೆನ್ನು ನೋಡಿದಳು. ಎಲ್ಲಿಯೋ ಒಂದು ಕಡೆ ಅವನ ಮಣಿಕಟ್ಟು ಈಗ ಕೆಂಪಾಗಿರುತ್ತದೆ, ಮೊದಲ ಸಲ. ಅವಳಿಗೆ ಗೆದ್ದ ಸಂತೋಷವಾಗಬೇಕಿತ್ತು, ಆಗಲಿಲ್ಲ. 

ಆರಾಗುವ ಮೊದಲು ರಸ್ತೆಯ ತಿರುವಿನಲ್ಲಿ ಒಬ್ಬ ಮನುಷ್ಯ ಓಡುತ್ತ ಬಂದ. ಅಂಗಿ ಬೆನ್ನಿಗೆ ಅಂಟಿಕೊಂಡಿತ್ತು. ಬಸ್ಸು ಬೈಪಾಸಿನಲ್ಲಿ ಕೆಟ್ಟು ನಿಂತು, ಅಲ್ಲಿಂದ ನಡೆದು, ನಡೆದದ್ದು ಸಾಲದೆಂದು ಓಡಿ ಬಂದಿದ್ದ. ಗಾಳಿ ಬಿದ್ದಿರಲಿಲ್ಲ, ರೆಕ್ಕೆ ಏರಿಸುವುದನ್ನು ಸೋಮವಾರಕ್ಕೆ ಬಿಟ್ಟು ಬಂದಿದ್ದ. ಗೇಟಿನ ಹೊರಗೇ ನಿಂತು, ಏದುಸಿರು ಬಿಡುತ್ತ, ಬಿದ್ದು ಮೊಣಕಾಲು ತರಚಿಕೊಂಡವನ ಹಾಗೆ ಮಣಿಕಟ್ಟನ್ನು ಮುಂದೆ ಚಾಚಿ ತೋರಿಸಿದ.

“ಕೆಂಪಾಗ್ಬಿಡ್ತು ಕಣವ್ವ.”

ಸಿಂಚನ ಅವನ ಕೈ ಹಿಡಿದು ಬಿಲ್ಲೆಯನ್ನು ಅತ್ತಿತ್ತ ತಿರುಗಿಸಿ ನೋಡಿದಳು. ಆಮೇಲೆ ಹಿಡಿದ ಕೈ ಬಿಡದೆ ಅವನನ್ನು ಒಳಗೆ ಎಳೆದುಕೊಂಡು ಬಂದಳು. ದಾಕ್ಷಾಯಿಣಿ ನೀರಿನ ಚೊಂಬು ತಂದು ಇಟ್ಟು, ಮೊದಲು ಕೂತ್ಕೊಳ್ಳಿ, ಆಮೇಲೆ ಮಾತಾಡಿ ಎಂದಳು.

ಅವನು ನೀರು ಕುಡಿದ, ಮುಖ ಒರೆಸಿಕೊಂಡ. ‘ಬರುವ ಭಾನುವಾರ?’ ಎಂದು ಮಗಳು ಕೇಳುವ ಮೊದಲೇ ಬಿಲ್ಲೆಯ ಮೇಲೆ ಹೆಬ್ಬೆರಳು ಇಟ್ಟ. ಬಸ್ಸು, ಗಾಳಿ, ಕ್ರೇನು, ಸಾಹೇಬರು, ಎಲ್ಲರೂ ಅವನ ನಾಲಿಗೆಯ ತುದಿಗೆ ಬಂದು ನಿಂತದ್ದು ದಾಕ್ಷಾಯಿಣಿಗೆ ಕಂಡಿತು. ಅವನು ಅವರನ್ನೆಲ್ಲ ನುಂಗಿಕೊಂಡ.

“ಬರ್ತೀನಿ,” ಎಂದ.